ಮೂರು ಡಬ್ಬಿ ದೆವ್ವಗಳು

ಅಮೆರಿಕದ ಮೌಂಟನ್ ವ್ಯೂನಿಂದ ಬೆಳಿಗ್ಗೆ ಒಂಬತ್ತಕ್ಕೆ ಹೊರಟೆ. ಕಾರಿನಲ್ಲಿ ಬಿಡುತ್ತೇನೆಂದಿದ್ದ ತಮ್ಮನ ಮಗಳಿಗೆ ಇಂಟರ್ನೆಟ್ ಕಂಪನಿಯಲ್ಲಿ ಶನಿವಾರವೂ ಕೆಲಸ. "ಮೀಟಿಂಗಿದೆ ದೊಡ್ಡಪ್ಪ, ಲೈಟ್ ರೈಲಲ್ಲಿ ಹೋಗ್ಬಿಡಿ, ಆಮೇಲೆ ಒಂದೇ ಬಸ್ಸು" ಎಂದಳು. ಟ್ರಾಮಿನಂಥ ಆ ರೈಲಿಗೆ ಟಿಕೆಟ್ಟು ಒಂದೂಕಾಲು ಡಾಲರು, ವೇಗ ಜಟಕಾಗಾಡಿಯದು. ಗಾಜಿನ ಆಫೀಸುಗಳನ್ನು ನೋಡಿ ನೋಡಿ ಕಣ್ಣು ಸೋತಿತು. ಬಸ್ಸಿಗಾಗಿ ಮುಕ್ಕಾಲು ಗಂಟೆ ಬಿಸಿಲಲ್ಲಿ ನಿಂತಾಗ, ಈ ವಯಸ್ಸಿನಲ್ಲಿ ಇದೆಲ್ಲ ಯಾಕೆ ಬೇಕಿತ್ತು ಅನ್ನಿಸಿತು.

ಹೊರಟದ್ದು ಬೆರ್ರಿಯೆಸಾ ಎಂಬ ಬಡಾವಣೆಗೆ, ಕೊರಿಯಾದ ಹಳೆಯ ಚಿತ್ರ ನಿರ್ಮಾಪಕರೊಬ್ಬರ ಮನೆಗೆ. ಅವರ ಮೊಮ್ಮಗಳು ನಮ್ಮ ಹುಡುಗಿಯ ಆಫೀಸಿನವಳು. ನಾನು ಮದ್ರಾಸಿನ ಫಿಲ್ಮ್ ಲ್ಯಾಬಿನಲ್ಲಿ ಮೂವತ್ತು ವರ್ಷ ದುಡಿದವನೆಂದು ತಿಳಿದು, ತಾತನ ರೀಲುಗಳು ಇನ್ನೂ ಓಡುತ್ತವೆಯೇ ನೋಡಿ ಎಂದು ಕರೆಸಿದ್ದಳು.

ಮುದುಕರು ಬಾರ್ಲಿ ಚಹಾ ಕೊಟ್ಟರು. ಅವರದೂ ನನ್ನಂತೆ ಹರಕುಮುರುಕು ಇಂಗ್ಲಿಷು, ಹಾಗಾಗಿ ಮಾತು ಸಲೀಸಾಯಿತು. ಚಳಿಗಾಲದಲ್ಲಿ ಹನ್ನೆರಡೇ ದಿನಕ್ಕೆ ಒಂದು ದೆವ್ವದ ಚಿತ್ರ ಮುಗಿಸುತ್ತಿದ್ದರಂತೆ. ದೆವ್ವದ ಬಾಯಿಂದ ಚಳಿಯ ಹಬೆ ಕಾಣಬಾರದಲ್ಲ, ನಟಿಯ ಬಾಯಿಗೆ ಐಸು ಇಡುತ್ತಿದ್ದರಂತೆ. ಮೂವತ್ತು ಚಿತ್ರ ಮಾಡಿದರು. ಥಿಯೇಟರಿನಲ್ಲಿ ಓಟ ಮುಗಿದ ಪ್ರಿಂಟುಗಳನ್ನು ಹುಲ್ಲಿನ ಟೋಪಿ ಮಾಡುವವರು ಕೊಂಡು, ಟೋಪಿಗೆ ಪಟ್ಟಿಯಾಗಿ ಸುತ್ತಿದರು. ಉಳಿದದ್ದು ಮೂರು ಡಬ್ಬಿ. ಗಾಳಿ ನುಸುಳದಂತೆ ಟೇಪು ಬಿಗಿದು ಇಪ್ಪತ್ತು ವರ್ಷ ಕಾಪಾಡಿದ್ದರು.

ಎರಡನ್ನು ಬಿಚ್ಚಿದೆ. ವಿನೆಗರ್ ವಾಸನೆ ಮೂಗಿಗೆ ಹೊಡೆಯಿತು. ಸುರುಳಿಗಳು ಅಂಟಿ ಕಲ್ಲಾಗಿದ್ದವು. ಫಿಲ್ಮಿನಿಂದ ಏಳುವ ಆ ಹುಳಿಗಾಳಿ ಹೊರಗೆ ಹೋಗದಿದ್ದರೆ ಫಿಲ್ಮನ್ನೇ ತಿನ್ನುತ್ತದೆ ಎಂದು ಲ್ಯಾಬಿನವರಿಗೆಲ್ಲ ಗೊತ್ತು. ಕೊಂದದ್ದು ಅವರ ಟೇಪೇ. ಹೇಳಲು ಬಾಯಿ ಬರಲಿಲ್ಲ. ಫಿಲ್ಮಿಗೆ ವಯಸ್ಸಾಗಿದೆ, ಅಷ್ಟೇ, ಎಂದೆ.

ಅವರು ತಲೆಯಾಡಿಸಿ ಒಳಗಿನಿಂದ ಹೊಸ ಟೇಪಿನ ಸುರುಳಿ ತಂದರು. ಮೂರನೆಯ ಡಬ್ಬಿಯ ಟೇಪು ಎಂದೋ ಸಡಿಲವಾಗಿತ್ತು. ತಮ್ಮದೇ ಅಜಾಗ್ರತೆ ಎಂದು ಗೊಣಗುತ್ತ ಅದಕ್ಕೆ ಬಿಗಿಯಾಗಿ ಸುತ್ತತೊಡಗಿದರು.

ನಾನು ಅವರ ಕೈ ಹಿಡಿದುಕೊಂಡೆ. "ಬೇಡಿ ಸರ್. ಅವೆರಡನ್ನೂ ಹಾಳು ಮಾಡಿದ್ದು ಈ ಟೇಪು. ಆಗಲೇ ಹೇಳಬೇಕಿತ್ತು."

ಅವರು ಟೇಪಿನ ಸುರುಳಿಯನ್ನು ಕೆಳಗಿಟ್ಟರು. ನನಗೆ ನನ್ನ ಮೇಲೇ ಬೇಸರವಾಯಿತು. ಸುತ್ತಿದ ಟೇಪನ್ನು ಇಬ್ಬರೂ ಉಗುರಿನಿಂದ ಕಿತ್ತೆವು. ಮುಚ್ಚಳ ತೆಗೆದು ಮೂಸಿದೆ. ವಾಸನೆ ಇರಲಿಲ್ಲ, ಸುರುಳಿ ಸಲೀಸಾಗಿ ಬಿಚ್ಚಿಕೊಂಡಿತು. ಇದು ಓಡುತ್ತದೆ ಎಂದೆ.

ಅವರು ನನ್ನ ಮುಖವನ್ನೇ ನೋಡಿದರು. "ಈಗ ನಿಜ ಹೇಳುತ್ತಿದ್ದೀರಾ?"

ನಿಜವೆಂದೆ. ಇನ್ನೊಮ್ಮೆ ಮೂಸಿ ಎಂದರು, ಮೂಸಿದೆ. ಮತ್ತೂ ಒಮ್ಮೆ ಎಂದರು. ಮನೆಯೆದುರು ಮಧ್ಯಾಹ್ನದ ಬಸ್ಸು ಹತ್ತುವಾಗ ತಿರುಗಿ ನೋಡಿದೆ: ಕಿಟಕಿಯ ಬಳಿ ಡಬ್ಬಿಯನ್ನು ಮುಖಕ್ಕೆ ಹಿಡಿದು, ಅವರೇ ಮೂಸುತ್ತ ನಿಂತಿದ್ದರು.