ಶಾರದಾಬೆನ್‌ಗೆ ನಾನು ಹೇಳಿದ ಸುಳ್ಳು

ಶಾರದಾಬೆನ್, ನನ್ನ ಮಗ ರಘು ನಿಮ್ಮನ್ನು ಕಂಡರೆ ಹೆದರುತ್ತಾನೆ ಎಂದು ನಾನು ಅಂದು ಹೇಳಿದ್ದು ಸುಳ್ಳು. ಅವನು ಒಂದು ದಿನವೂ ನಿಮಗೆ ಹೆದರಿರಲಿಲ್ಲ. ಹೆದರಿದವಳು ನಾನು.

ನಿಮಗೆ ಕನ್ನಡ ಬರುವುದಿಲ್ಲ ಎಂದು ಗೊತ್ತಿದ್ದೂ ಕನ್ನಡದಲ್ಲಿ ಬರೆಯುತ್ತಿದ್ದೇನೆ. ನನ್ನ ಗುಜರಾತಿ ತರಕಾರಿಯವನ ಜೊತೆ ಚೌಕಾಸಿಗೆ ಸಾಕು, ಬೇಕಾದರೆ ಜಗಳಕ್ಕೂ ಸಾಕು — ಇಂಥ ಮಾತಿಗೆ ಸಾಲದು. ಅಲ್ಲದೆ ಆ ಸುಳ್ಳನ್ನು ಹೇಳಿದ್ದು ಈ ಭಾಷೆಯ ಹೆಸರಿನಲ್ಲೇ. ಅದಕ್ಕೇ ಮೊದಲು ಇದರಲ್ಲೇ ಒಪ್ಪಿಕೊಳ್ಳಬೇಕು ಅನ್ನಿಸಿತು.

ಅರವತ್ತರ ದಶಕದಲ್ಲಿ ವಿಮಾ ಕಚೇರಿಯಲ್ಲಿದ್ದ ನಮ್ಮ ಯಜಮಾನರಿಗೆ ಧಾರವಾಡದಿಂದ ಬರೋಡಾಕ್ಕೆ ವರ್ಗವಾಯಿತು. ಪೋಳ್ ಎನ್ನುವ ಆ ಇಕ್ಕಟ್ಟಾದ ಓಣಿಯಲ್ಲಿ ನಮ್ಮ ಮನೆಯ ಎದುರು ನಿಮ್ಮ ಮನೆ. ನನಗೆ ಕಾಲೇಜಿನಲ್ಲಿ ಇತಿಹಾಸ ಕಲಿಸುವ ಕೆಲಸ ಸಿಕ್ಕಿತ್ತು, ಕಂಕುಳಲ್ಲಿ ವರ್ಷ ತುಂಬದ ಕೂಸಿತ್ತು. ಕೆಲಸ ಬಿಟ್ಟುಬಿಡುವುದೆಂದು ನಿರ್ಧರಿಸಿ ಮನೆ ಮುಂದಿನ ಕಟ್ಟೆ, ಓಟಲೆಯ ಮೇಲೆ ಕೂತು ಅಳುತ್ತಿದ್ದೆ. ನೀವು ಬೀದಿ ದಾಟಿ ಬಂದು, ಕಾರಣ ಕೂಡ ಕೇಳದೆ ಕೂಸನ್ನು ಎತ್ತಿಕೊಂಡು ಹೋದಿರಿ. ಅಷ್ಟೇ. ಮಾತುಕತೆ, ಕರಾರು ಏನೂ ಇಲ್ಲ. ಮಾರನೆಯ ದಿನ ನಾನು ಪಾಠ ಮಾಡಲು ಹೋದೆ.

ಅವನಿಗೆ ಎಣ್ಣೆ ತಿಕ್ಕಿ ಎರೆದವರು ನೀವು. ನಡೆಯಲು ಕಲಿಸಿದವರು ನೀವು. ರೋಟಲಿಗೆ ತುಪ್ಪ ಬೆಲ್ಲ ಸವರಿ ಸುತ್ತಿ, ಉಯ್ಯಾಲೆಯ ಮೇಲೆ ಕೂರಿಸಿಕೊಂಡು ತಿನ್ನಿಸುತ್ತಿದ್ದಿರಿ. ನಾನು ದಣಿದು ಬಂದರೆ ನನಗೂ ಒಂದು ಸುತ್ತಿ ಕೊಡುತ್ತಿದ್ದಿರಿ. ನಮ್ಮವರು ಎಷ್ಟೋ ಸಲ ಅಂದಿದ್ದರು, “ನಿನ್ನ ನೌಕರಿ ಉಳಿದಿದ್ದು ಆಕಿ ದೆಸಿಯಿಂದ. ಮರೀಬ್ಯಾಡ.” ನಾನು ಮರೆಯಲಿಲ್ಲ. ಮರೆತಿದ್ದರೆ ಎಷ್ಟೋ ವಾಸಿ, ನೆನಪಿಟ್ಟುಕೊಂಡೇ ಮಾಡಿದೆನಲ್ಲ!

ರಘುವಿಗೆ ಮೂರು ವರ್ಷವಾಗಿದ್ದಾಗ ನಾನು ಐರ್ಲೆಂಡಿನ ಪಾಠ ಮಾಡುತ್ತಿದ್ದೆ. ಇಂಗ್ಲಿಷರು ಅಲ್ಲಿಯ ಜನರ ನೆಲ ಕಿತ್ತುಕೊಂಡು, ತಮ್ಮವರನ್ನು ಹಡಗಿನಲ್ಲಿ ತಂದು ನೆಲೆಗೊಳಿಸಿದ ಕಾಲದ ಕತೆ. ಐರಿಷರಲ್ಲಿ ಒಂದು ಪದ್ಧತಿಯಿತ್ತು — ಹೆತ್ತ ಮಗುವನ್ನು ಇನ್ನೊಂದು ಮನೆಯಲ್ಲಿ ಬೆಳೆಯಲು ಕೊಡುವುದು. ಸಾಕಿದ ಮನೆಯ ನಂಟು ರಕ್ತದ ನಂಟಿಗಿಂತ ಒಂದು ಕೈ ಮೇಲು. ಅಲ್ಲಿ ನೆಲೆಸಿದ ಇಂಗ್ಲಿಷರೂ ಕ್ರಮೇಣ ತಮ್ಮ ಮಕ್ಕಳನ್ನು ಹಾಗೆ ಕೊಡತೊಡಗಿದರು. ಮಕ್ಕಳು ಐರಿಷ್ ಮಾತಾಡುತ್ತಾ, ಐರಿಷ್ ಕಂಬಳಿ ಹೊದ್ದು ಮನೆಗೆ ಬಂದವು. ಆಳುವವರಿಗೆ ದಿಗಿಲು ಹತ್ತಿತು. ಹಾಲಿನ ಜೊತೆ ಭಾಷೆಯೂ ಒಳಗಿಳಿಯುತ್ತದೆ, ಭಾಷೆಯ ಹಿಂದೆ ಮನಸ್ಸೂ ಹೋಗುತ್ತದೆ ಎಂದು ಬೊಬ್ಬೆ ಹಾಕಿದರು. ಹಾಗೆ ಮಕ್ಕಳನ್ನು ಕೊಡಕೂಡದೆಂದು ಹಳೆಯ ಕಾಲದಿಂದಲೇ ಕಾನೂನಿತ್ತು. ಅದಕ್ಕೆ ಮತ್ತೆ ಮತ್ತೆ ಸಾಣೆ ಹಿಡಿದರು.

ನಾನು ಇದನ್ನು ರಸವತ್ತಾಗಿ ಹೇಳುತ್ತಿದ್ದೆ. “ಒಂದು ದೇಶವನ್ನೇ ನುಂಗಿದವರಿಗೆ ಒಬ್ಬ ದಾದಿಯ ಭಯ ನೋಡಿ!” ಎಂದರೆ ತರಗತಿಯೆಲ್ಲ ನಗುತ್ತಿತ್ತು. ಒಬ್ಬ ಹುಡುಗಿ ಮಾತ್ರ ನಗದೆ ಕೇಳಿದಳು — ಮಗುವನ್ನು ವಾಪಸು ಕರೆದುಕೊಂಡಾಗ ಆ ಸಾಕಿದ ತಾಯಂದಿರು ಏನೆಂದರು, ಮೇಡಮ್? ಅದನ್ನು ಯಾರೂ ಬರೆದಿಟ್ಟಿಲ್ಲ ಎಂದು ಹೇಳಿ ಮುಂದಿನ ಪಾಠಕ್ಕೆ ಹೋದೆ.

ಅದೇ ವಾರ, ರಜೆಯ ದಿನ, ರಘು ನಮ್ಮ ಓಟಲೆಯಿಂದ ಜಾರಿ ಬಿದ್ದ. ಮೊಣಕಾಲು ತರಚಿತು. ನಾನು ಪಕ್ಕದಲ್ಲೇ ಇದ್ದೆ, ಎರಡೂ ಕೈ ಚಾಚಿದೆ. ಅವನು ನನ್ನನ್ನು ದಾಟಿಕೊಂಡು, “ಮಾಸಿ, ವಾಗ್ಯುಂ!” — ಚಿಕ್ಕಮ್ಮ, ಪೆಟ್ಟಾಯಿತು — ಎಂದು ಅಳುತ್ತಾ ನಿಮ್ಮ ಮನೆಗೆ ಓಡಿದ. ನನ್ನ ಚಾಚಿದ ಕೈ ಚಾಚಿದಂತೆಯೇ ಇತ್ತು. ಊರಿಂದ ಬಂದಿದ್ದ ನಮ್ಮತ್ತೆ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. “ಕೂಸು ಕೈ ಬಿಟ್ಟು ಹೋತಲ್ಲವಾ,” ಎಂದರು.

ಅತ್ತೆಯ ಮೇಲೆ ಹಾಕಿ ಪಾರಾಗಬಹುದಿತ್ತು. ಆದರೆ ಆ ಮಾತು ಅವರು ಆಡುವ ಮೊದಲೇ ನನ್ನ ಹೊಟ್ಟೆಯಲ್ಲಿತ್ತು. ಮಗನಿಗೆ ಕನ್ನಡ ಬರುತ್ತಿಲ್ಲ ಎಂದು ಎಲ್ಲರ ಮುಂದೆ ಕೊರಗುತ್ತಿದ್ದೆ — ಅದು ಹೊಟ್ಟೆಕಿಚ್ಚಿಗೆ ಉಡಿಸಿದ ಒಳ್ಳೆಯ ಸೀರೆ. ನಾವೇನೂ ಯಾರ ನೆಲವನ್ನೂ ಕಿತ್ತುಕೊಂಡವರಲ್ಲ, ವರ್ಗವಾಗಿ ಬಂದವರು. ಬರಿಗೈಯಲ್ಲಿ ಬಂದವಳಿಗೆ ನೀವೇ ಕೊಟ್ಟಿರಿ. ಕೊಟ್ಟವರ ಕೈಯಿಂದಲೇ ನಾನು —

ಮರುದಿನ ಬೆಳಿಗ್ಗೆ ನೀವು ಮಗುವನ್ನು ಕರೆದುಕೊಳ್ಳಲು ಬಂದಾಗ ಬಾಗಿಲಿಗೆ ಅಡ್ಡ ನಿಂತೆ. “ಬೆನ್, ಯಾಕೋ ಏನೋ, ಅವನು ನಿಮ್ಮನ್ನು ಕಂಡರೆ ಹೆದರುತ್ತಿದ್ದಾನೆ. ನಿಮ್ಮ ಮನೆಗೆ ಬೇಡ ಎಂದು ಅಳುತ್ತಾನೆ.” ನಿಮ್ಮ ಮುಖ ನೋಡಲು ಆಗಲಿಲ್ಲ. “ಕಂಈ ವಾಂಧೋ ನಹಿ, ಬೆನ್,” ಎಂದಿರಿ. ಏನೂ ತೊಂದರೆಯಿಲ್ಲ. ಬೇರೇನೂ ಕೇಳಲಿಲ್ಲ.

ಅವನಿಗೆ ಇನ್ನೊಂದು ಸುಳ್ಳು ಹೇಳಿದೆ — ಮಾಸಿಗೆ ಮೈ ಹುಷಾರಿಲ್ಲ, ನೀನು ಬಂದರೆ ಬೈಯುತ್ತಾರೆ. ಕೆಲವು ದಿನ ಅತ್ತ, ಆಮೇಲೆ ಮೆತ್ತಗಾದ. ನಾನು ಕಾಲೇಜಿಗೆ ಹೋದಾಗ ಅತ್ತೆ ನೋಡಿಕೊಂಡರು. ನೀವು ಮಾಡಿದ್ದು ಮಾತ್ರ ನನ್ನನ್ನು ಇವತ್ತಿಗೂ ಬಿಟ್ಟಿಲ್ಲ. ಅವನು ಬೀದಿಗಿಳಿದರೆ ನೀವು ಉಯ್ಯಾಲೆಯಿಂದೆದ್ದು ಒಳಗೆ ಹೋಗುತ್ತಿದ್ದಿರಿ. ಕೋಪವೆಂದುಕೊಂಡಿದ್ದೆ. ಕೋಪವಾಗಿದ್ದರೆ ಚೆನ್ನಾಗಿತ್ತು.

ವರ್ಷದೊಳಗೆ ನಮಗೆ ಅಹಮದಾಬಾದಿಗೆ ವರ್ಗವಾಯಿತು. ಹೊರಡುವ ಬೆಳಿಗ್ಗೆ ಇಡೀ ಪೋಳ್ ಬಂತು, ನೀವು ಬರಲಿಲ್ಲ. ನಿಮ್ಮ ಮಗಳು ಮಂಜು ಒಂದು ಡಬ್ಬಿ ಹಿಡಿದು ಬಂದಳು. ತುಪ್ಪ, ಬೆಲ್ಲ, ಗೋಧಿಹಿಟ್ಟಿನ ಸುಖಡಿ. ನನ್ನ ಕಿವಿಯ ಹತ್ತಿರ ಬಗ್ಗಿ ಹೇಳಿದಳು: “ಇದು ಯಾರು ಮಾಡಿದ್ದೆಂದು ರಘುಗೆ ಹೇಳಬೇಡಿ ಅಂದಿದ್ದಾಳೆ ಅಮ್ಮ. ಹೆದರಿ ತಿನ್ನದೆ ಇದ್ದಾನು ಅಂತ.”

ಆಗ ನಾಲ್ಕು ಹೆಜ್ಜೆ ಬೀದಿ ದಾಟಿದ್ದರೆ ಆಗಿತ್ತು. ಟಾಂಗಾ ಹತ್ತಿದೆ.

ರೈಲಿನಲ್ಲಿ ಅವನಿಗೆ ಒಂದು ತುಂಡು ಕೊಟ್ಟೆ. ಬಾಯಿಗಿಟ್ಟವನೇ ಅಗಿಯುವುದನ್ನು ನಿಲ್ಲಿಸಿದ. “ಮಾಸೀದು,” ಎಂದ. ಅಲ್ಲ, ಅಂಗಡಿಯದು ಎಂದೆ. ಅವನು ನನ್ನನ್ನೇ ನೋಡುತ್ತಾ ತಿಂದ. ಡಬ್ಬಿ ಖಾಲಿಯಾಗುವವರೆಗೂ ಬೇರೇನೂ ಮುಟ್ಟಲಿಲ್ಲ.

ಈಗ ರಘುವಿನ ಕೂದಲು ಅಲ್ಲಲ್ಲಿ ನೆರೆತಿದೆ. ನನ್ನ ಜೊತೆ ಸೊಗಸಾದ ಧಾರವಾಡ ಕನ್ನಡ ಆಡುತ್ತಾನೆ. ನಾನು ಬಯಸಿದ್ದು ಸಿಕ್ಕಿತು. ಅವನ ಒಳ್ಳೆಯತನವನ್ನು ಜನ ಹೊಗಳಿದಾಗ ತಾಯಿ ಬೆಳೆಸಿದ ರೀತಿ ಎನ್ನುತ್ತಾರೆ, ನಾನು ಸುಮ್ಮನಿರುತ್ತೇನೆ. ಮೊದಲು ಬೆಳೆಸಿದವರು ನೀವು. ಅವನ ಕೈ ಯಾರಿಗಾದರೂ ಕೊಡಲು ಮುಂದಾದಾಗಲೆಲ್ಲ ನಿಮಗೆ ಮನಸ್ಸಿನಲ್ಲೇ ಕೈ ಮುಗಿದಿದ್ದೇನೆ. ನನ್ನ ಸಂಬಳ, ನನ್ನ ಪಾಠ, ನನ್ನ ಮಗ — ನಿಮ್ಮ ಋಣವಿಲ್ಲದ ಒಂದು ವಸ್ತುವೂ ನನ್ನ ಬಾಳಿನಲ್ಲಿಲ್ಲ.

ನಿನ್ನೆ ಅವನನ್ನು ಕೂರಿಸಿಕೊಂಡು ಎಲ್ಲ ಹೇಳಿದೆ. ಅವನು ಒಂದೇ ಕೇಳಿದ, “ಅವರಿನ್ನೂ ಅದಾರೇನವಾ?” ಇದ್ದಾರೆ, ಸೂರತ್ತಿನಲ್ಲಿ, ಉಧ್ನಾದ ಹತ್ತಿರ ಮಂಜು ಮನೆಯಲ್ಲಿ, ಎಂದೆ. ಅವನು ಎದ್ದು ಚಪ್ಪಲಿ ಹುಡುಕತೊಡಗಿದ. ನಾಳೆ ಹೋಗೋಣ ಎಂದು ತಡೆಯಬೇಕಾಯಿತು.

ಶಾರದಾಬೆನ್, ಇವತ್ತು ಬರುತ್ತಿದ್ದೇವೆ. ಅವನ ಎದುರಿನಲ್ಲೇ, ನನ್ನ ಹರಕು ಗುಜರಾತಿಯಲ್ಲೇ, ಇದನ್ನೆಲ್ಲ ನಿಮಗೆ ಹೇಳುತ್ತೇನೆ. ಕ್ಷಮಿಸಿ ಎಂದು ಕೇಳುವುದಿಲ್ಲ. ಕೇಳಿದರೆ ನೀವು ತೊಂದರೆಯಿಲ್ಲ ಎಂದುಬಿಡುತ್ತೀರಿ. ಹೇಳಿ ಮುಗಿದ ಮೇಲೆ ಅವನನ್ನು ನಿಮ್ಮ ಹತ್ತಿರ ಬಿಟ್ಟು, ನೀವಿಬ್ಬರೂ ಕರೆಯುವವರೆಗೆ ನಾನು ಹೊರಗೆ ಕೂತಿರುತ್ತೇನೆ.