ಟವೆಲ್ ಹೊದಿಸಿದ ಸೋಫಾ

ಮೊನ್ನೆ ಮೊಮ್ಮಗಳ ಶಾಲೆಯ ಸಮಾರಂಭದಲ್ಲಿ ಮುಖ್ಯ ಅತಿಥಿಯ ಕುರ್ಚಿಗೆ ಬಿಳಿ ಟರ್ಕಿ ಟವೆಲ್ ಹೊದಿಸಿದ್ದರು. ಬೀರುವಿನಿಂದ ಆಗಷ್ಟೇ ತೆಗೆದಿರಬೇಕು, ನುಸಿಗುಳಿಗೆಯ ವಾಸನೆ ಮೊದಲ ಸಾಲಿನವರೆಗೂ ಬರುತ್ತಿತ್ತು. ಯಲಹಂಕದ ನಮ್ಮ ಎದುರುಮನೆಯವರು ನೆನಪಾದರು…

ಅವರು ಸರ್ಕಾರದ ಶಿಷ್ಟಾಚಾರ ವಿಭಾಗದಲ್ಲಿದ್ದರು. ಯಾವ ಮಂತ್ರಿ ಎಲ್ಲಿ ಕೂರಬೇಕು, ಯಾವ ಅಧಿಕಾರಿ ಯಾರ ಹಿಂದೆ ನಿಲ್ಲಬೇಕು ಎಂದು ನೋಡಿಕೊಳ್ಳುವುದೇ ಕೆಲಸ. ದೇವನಹಳ್ಳಿಯಲ್ಲಿ ವಿಮಾನ ನಿಲ್ದಾಣ ಶುರುವಾದ ಮೇಲಂತೂ ಅವರಿಗೆ ನೆಮ್ಮದಿಯೇ ಇಲ್ಲ. ಬಂದಿಳಿದ ಗಣ್ಯರಿಗೆ ಹೂಗುಚ್ಛ ಕೊಡುವ ಸಾಲಿನಲ್ಲಿ ಒಬ್ಬರು ಹಿಂದುಮುಂದಾದರೂ ಇವರ ತಲೆಗೇ ಬರುತ್ತಿತ್ತು. ನಮ್ಮ ಬೀದಿಯ ಗಣೇಶನ ಪೆಂಡಾಲಿನಲ್ಲೂ ಕುರ್ಚಿ ಸರಿಸುತ್ತಿದ್ದರು, ಪುಣ್ಯಾತ್ಮ! ನಾವು ನಗುತ್ತಿದ್ದೆವು.

ಅವರ ಮಗಳ ಆರತಕ್ಷತೆಗೆ ಮಂತ್ರಿಗಳು ಬರುತ್ತೇನೆಂದಿದ್ದರು. ಛತ್ರದ ಮುಂದಿನ ಸೋಫಾಗೆ ಇವರೇ ಟವೆಲ್ ಹೊದಿಸಿ, ಬೆವರು ಒರೆಸಿಕೊಳ್ಳುತ್ತ ಮತ್ತೆ ಮತ್ತೆ ಬಂದು ನೋಡಿಹೋದರು. ಅಷ್ಟರಲ್ಲಿ ಸೋಲದೇವನಹಳ್ಳಿಯಿಂದ ಇವರ ಅಣ್ಣ ಬಂದು ಅದರ ಮೇಲೇ ಕೂತರು. ಅಪ್ಪನಿಲ್ಲದ ತಮ್ಮನನ್ನು ಹೊಲ ಉತ್ತು ಓದಿಸಿದವರು ಅವರು. ಆ ಮನೆಯ ಮದುವೆಯಲ್ಲಿ ಅವರಿಗಿಂತ ದೊಡ್ಡವರು ಇನ್ಯಾರು?

ಫೋನ್ ಬಂತು. ಮಂತ್ರಿಗಳ ಕಾರು ಹೆಬ್ಬಾಳ ದಾಟಿತ್ತು. ಇವರ ಮುಖದಲ್ಲಿ ರಕ್ತವೇ ಇರಲಿಲ್ಲ. ಅಣ್ಣನನ್ನು ನೋಡುವುದು, ಬಾಗಿಲು ನೋಡುವುದು, ಮತ್ತೆ ಅಣ್ಣನನ್ನು ನೋಡುವುದು. ನಾನು ಹಿಂದೆಯೇ ಕೂತಿದ್ದೆ. ಬೇಡ, ಎಬ್ಬಿಸಬೇಡಿ ಎಂದು ಮನಸ್ಸಿನಲ್ಲೇ ಬೇಡಿಕೊಂಡೆ.

ಕೊನೆಗೆ ಬಗ್ಗಿ ಹೇಳಿಯೇಬಿಟ್ಟರು. "ಅಣ್ಣಾ, ಸ್ವಲ್ಪ ಆ ಕಡೆ ಕೂತ್ಕೋತೀಯಾ? ಸಾಹೇಬ್ರು ಬರ್ತಿದಾರೆ."

ಅಣ್ಣ ಹೆಗಲ ಮೇಲಿನ ವಲ್ಲಿ ಸರಿಮಾಡಿಕೊಂಡು ಎದ್ದರು. ಆ ಕಡೆ ಕೂರಲಿಲ್ಲ, ಊಟಕ್ಕೂ ನಿಲ್ಲದೆ ಹೊರಟೇ ಹೋದರು. ಮಂತ್ರಿಗಳು ಬಂದವರು ಅಕ್ಷತೆ ಹಾಕಿ, ಫೋಟೋಗೆ ನಿಂತು, ಕೂರದೆಯೇ ಹೋದರು.

ಆಮೇಲೆ ಇವರು ಸೋಲದೇವನಹಳ್ಳಿಗೆ ಎಷ್ಟು ಸಲ ಹೋದರೋ. ಅಣ್ಣ ಮಳೆ ಬೆಳೆ ಮಾತಾಡುತ್ತಿದ್ದರಂತೆ, ಆದರೆ ತಮ್ಮನ ಮನೆಯ ಹೊಸ್ತಿಲು ಮಾತ್ರ ತುಳಿಯಲಿಲ್ಲ. "ಬೈದಿದ್ರೆ ಚೆನ್ನಾಗಿತ್ತು ಕಣ್ರೀ. ಕಾಫಿ ಕೊಟ್ಟು ಕಳಿಸ್ತಾನೆ," ಎಂದು ಒಮ್ಮೆ ನಮ್ಮ ಗೇಟಿನ ಬಳಿ ನಿಂತು ಹೇಳಿದರು. ಅವತ್ತು ಅವರ ಮುಖ ನೋಡಲು ನನ್ನಿಂದಾಗಲಿಲ್ಲ.

ನಿವೃತ್ತಿಗೆ ಮೊದಲೇ ಹೃದಯಾಘಾತವಾಗಿ ಹೋಗಿಬಿಟ್ಟರು. ಮನೆಯ ಮುಂದೆ ಶಾಮಿಯಾನ, ಪ್ಲಾಸ್ಟಿಕ್ ಕುರ್ಚಿಗಳು. ಯಾರು ಎಲ್ಲಿ ಕೂರಬೇಕೆಂದು ಹೇಳುವವರಿರಲಿಲ್ಲ. ಅಣ್ಣ ಬಂದರು. ತಮ್ಮನ ತಲೆಯ ಹತ್ತಿರದ ಕುರ್ಚಿ ಹಿಡಿದು ನಿಂತು, ತಮ್ಮನ ಹೆಂಡತಿಯನ್ನು ಮೆಲ್ಲಗೆ ಕೇಳಿದರು.

"ಇಲ್ಲಿ ಕುಂತ್ಕಬೌದಾ ತಾಯಿ? ಇನ್ಯಾರಾದ್ರೂ ದೊಡ್ಡೋರು ಬರೋರವ್ರಾ?"

ಶಾಲೆಯ ಮುಖ್ಯ ಅತಿಥಿ ಕೊನೆಗೂ ಬರಲಿಲ್ಲ. ಮಕ್ಕಳು ಕುಣಿದರು, ನಾನು ಚಪ್ಪಾಳೆ ತಟ್ಟಿದೆ. ಕಣ್ಣು ಮಾತ್ರ ಆ ಖಾಲಿ ಕುರ್ಚಿಯ ಮೇಲೇ ಇತ್ತು. ನಮ್ಮ ಎದುರುಮನೆಯವರಿದ್ದಿದ್ದರೆ ಎಷ್ಟು ಪೇಚಾಡುತ್ತಿದ್ದರೋ… ಈಗ ಅವರೇ ಇಲ್ಲ.