ಶಿನೊಸುಕೆ ಮುಚ್ಚಿಕೊಂಡ ಗಂಟಲು

ಜಪಾನಿನ ಮೊದಮೊದಲ ಸಿನಿಮಾಗಳಲ್ಲಿ ಅತ್ತು ನಮ್ಮನ್ನೂ ಅಳಿಸಿದ ಹೆಂಗಸರು ಬಹುಪಾಲು ಗಂಡಸರು. ಇದು ಕ್ಯೋಟೋದ ಕೂಸಿಗೂ ಗೊತ್ತು. ಗೊತ್ತಿದ್ದೇ ಅತ್ತೆವು. ಈಗ ಯಾರೋ ನಮಗೆ ಮೋಸ ಮಾಡಿದರೆಂಬಂತೆ ಅವರನ್ನು ನೋಡಿ ನಗುತ್ತಿದ್ದೇವೆ.

ಹಿರಾಯಾಮಾ ಶಿನೊಸುಕೆ ಅಂಥವರಲ್ಲೊಬ್ಬ. ಹಾಸಿಗೆ ಹೊಲಿಯುವವನ ಮಗ. ಹದಿಮೂರಕ್ಕೇ ಊರೂರು ತಿರುಗುವ ನಾಟಕ ಕಂಪನಿ ಸೇರಿ ಹೆಣ್ಣುಪಾತ್ರ ಕಲಿತ, ಅಲ್ಲಿಂದ ಸ್ಟುಡಿಯೋಗೆ ಬಂದ. ವಿಧವೆಯರು, ಪರಿತ್ಯಕ್ತೆಯರು, ನದಿಗೆ ಹಾರುವ ಸೊಸೆಯರು, ಎಲ್ಲ ಅವನೇ. ಸ್ಟುಡಿಯೋದ ಬಡಗಿಗಳೂ ಅವನನ್ನು ‘ಅಕ್ಕ’ ಎಂದೇ ಕರೆಯುತ್ತಿದ್ದರು. ಗಂಟಲಿನ ಗಂಟು ಮಾತ್ರ ಗಂಡಸಿನದು, ಎದ್ದು ಕಾಣುವಂಥದ್ದು. ಅದಕ್ಕೇ ಅಳುವ ದೃಶ್ಯದಲ್ಲಿ ಕಿಮೋನೋದ ತೋಳನ್ನು ಗಂಟಲಿಗೆ ಒತ್ತಿ ಹಿಡಿಯುತ್ತಿದ್ದ. ಮರೆಮಾಚಲು ಮಾಡಿದ್ದು ಮಾದರಿಯಾಗಿಬಿಟ್ಟಿತು. ಹೆಣ್ಣು ನೋಡಲು ಬಂದವರ ಮುಂದೆ ಪೇಟೆಯ ಹುಡುಗಿಯರು ಹಾಗೇ ತೋಳು ಒತ್ತಿಕೊಂಡು ಕೂರತೊಡಗಿದರು.

ಆಮೇಲೆ ಕ್ಯಾಮೆರಾ ಮುಖದ ಹತ್ತಿರ ಬಂತು, ಬಣ್ಣದ ಕೆಳಗಿನ ಗಂಡಸು ಕಾಣತೊಡಗಿದ. ನಿಜವಾದ ಹೆಂಗಸರೂ ಬಂದರು. ಬರಬೇಕಾದವರೇ, ಅಷ್ಟು ಕಾಲ ಹೊರಗಿಟ್ಟಿದ್ದೇ ಅನ್ಯಾಯ. ಶಿನೊಸುಕೆ ಮಾಡುತ್ತಿದ್ದ ವಿಧವೆ ಪಾತ್ರ ತೊಮಿಕೊ ಎಂಬ ಹೊಸ ನಟಿಗೆ ಹೋಯಿತು. ಅವಳು ಮನೆಯಲ್ಲಿ ಅಳುವ ಹಾಗೆ ಮೂಗು ಸುರಿಸಿಕೊಂಡು ಅತ್ತಳು.

ನಿರ್ದೇಶಕ ಒಕುಮುರಾ ಸಿಡುಕಿದ. “ಹೆಂಗಸ್ರು ಹಿಂಗೆ ಅಳ್ತಾರೇನಮ್ಮ? ತೋಳು ಗಂಟಲಿಗೆ ಹಿಡ್ಕೊ.”

“ಯಾಕೆ ಸಾರ್? ನಂಗೇನು ಗಂಟಲು ನೋಯ್ತಿಲ್ಲ.”

“ಹೆಣ್ತನ ಅಂದ್ರೇನು ಅಂತ ಹೋಗಿ ಅಕ್ಕನ್ನ ಕೇಳು.”

ಶಿನೊಸುಕೆ ಇದ್ದದ್ದು ಇದ್ದ ಹಾಗೆ ಹೇಳಿದ. “ನಿಂಗ್ಯಾಕೆ ಕಣೆ ಅದು? ನಾನು ಈ ಗಂಟು ಮುಚ್ಕೊಳ್ತಿದ್ದೆ, ಅಷ್ಟೆ.”

“ಅಯ್ಯೋ ಅಕ್ಕಾ,” ಎಂದು ತೊಮಿಕೊ ನಕ್ಕಳು, “ನಮ್ಮಮ್ಮ ನಿಮ್ಮನ್ನ ನೋಡಿ ಕಲ್ತು, ಯಾಕೆ ಅಂತ ಹೇಳ್ದೇನೇ ನಂಗೂ ಹೊಡೆದು ಕಲಿಸಿದ್ಲಲ್ಲ.”

ಪಾತ್ರ ಹೋದದ್ದಕ್ಕೆ ಅವನು ಜಗಳ ತೆಗೆಯಲಿಲ್ಲ. ಕ್ಯಾಮೆರಾ ಮುಂದೆ ಉಳಿಯುವುದೊಂದೇ ಅವನಿಗೆ ಬೇಕಿದ್ದದ್ದು. ಗಂಡಸಿನ ಪಾತ್ರವನ್ನಾದರೂ ಕೊಡಿ ಎಂದು ಒಕುಮುರಾನನ್ನು ಕೇಳಿದ. ಗಾಡಿ ಎಳೆಯುವವನ ಚಿಕ್ಕ ಪಾತ್ರ ಸಿಕ್ಕಿತು. ಪಾದ ಒಳಮುಖವಾಗಿ, ಹೆಜ್ಜೆ ಸಣ್ಣದಾಗಿ ನಡೆದ. ಧಣಿ ಗದರಿಸುತ್ತಲೇ ಕೈ ತಾನಾಗಿ ಗಂಟಲಿಗೆ ಹೋಯಿತು.

“ಗಾಡಿ ಎಳೆಯೋನೋ, ಗಾಡೀಲಿ ಕೂತು ಗಂಡನ ಮನೆಗೆ ಹೊರಟೋಳೋ?” ಎಂದ ಒಕುಮುರಾ. ಎಲ್ಲರೂ ನಕ್ಕರು.

“ಹೆಣ್ಣಿನ ನಡಿಗೆ ಕಲ್ತೋನು ಗಂಡಿನದೂ ಕಲೀತೀನಿ ಸಾರ್. ಸ್ವಲ್ಪ ಸಮಯ ಕೊಡಿ.”

“ಗಂಡಸಾಗಿ ಹುಟ್ಟಿದೋನಿಗೆ ಅದನ್ನ ಬೇರೆ ಕಲಿಸ್ಬೇಕಾ?”

ಅಲ್ಲಿಗೆ ಮುಗಿಯಿತು. ಆ ನಡಿಗೆಯನ್ನು ಮರೆಸಿದವರು ಯಾರು? ಹೆಣ್ಣುಪಾತ್ರದಲ್ಲಿ ಅವನು ಗಂಡಸಿನ ಹಾಗೆ ನಡೆದಿದ್ದರೆ ಅವತ್ತು ಸೀಟಿ ಹೊಡೆದು ಓಡಿಸುತ್ತಿದ್ದವರು ನಾವೇ ಅಲ್ಲವೇ? ಈಗ ಅವನು ಬಟ್ಟೆ ಕೋಣೆಯಲ್ಲಿ ತೊಮಿಕೊಳ ಸೊಂಟಪಟ್ಟಿ ಬಿಗಿಯುತ್ತಾನೆ. ಅವನು ಕೇಳಿದ್ದು ದಾನವಲ್ಲ, ಕಲಿಯಲು ಸ್ವಲ್ಪ ಸಮಯ. ಅವನಿಗಾಗಿ ಕರವಸ್ತ್ರ ತೋಯಿಸಿದವರೇ, ಈ ವಾರವೇ ಸ್ಟುಡಿಯೋ ಬಾಗಿಲಿಗೆ ಹೋಗಿ, ಆ ಸಮಯ ಅವನಿಗೆ ಕೊಡಿ ಎಂದು ಕೇಳಿ.